ಬುಧವಾರದ ಮೀನು

ಬೆವರ್ಲಿ, ಯಾರ್ಕ್‌ಷೈರ್, ೧೫೪೧

ಮಠ ಮುಚ್ಚಿ ಎರಡು ವರ್ಷ. ಮೈಗೆ ಮಾತ್ರ
ಯಾರೂ ಹೇಳಿಲ್ಲ.
ನಡುರಾತ್ರಿ ತಾನೇ ಏಳುತ್ತದೆ,
ಕತ್ತಲಲ್ಲಿ ಕಾಲು ತಡಕುತ್ತದೆ
ಹದಿನೇಳು ಮೆಟ್ಟಿಲಿಗಾಗಿ.
ಅಣ್ಣನ ಮನೆಯಲ್ಲಿರುವುದು ಒಂದೇ ಹೊಸ್ತಿಲು.
ಎಡವುತ್ತೇನೆ.
ಅತ್ತಿಗೆ ಮಗ್ಗುಲು ಬದಲಿಸಿ ಗೊಣಗುತ್ತಾಳೆ:
“ಗಂಟೆಯನ್ನೇ ಕರಗಿಸಿದರಂತೆ,
ಇವಳಿಗಿನ್ನೂ ಕೇಳಿಸುತ್ತದಂತೆ.”

ಕೇಳಿಸುವುದಿಲ್ಲ, ಅತ್ತಿಗೆ.
ಕೇಳಿಸದೆ ಇರುವುದೇ ಎಬ್ಬಿಸುತ್ತದೆ.

ರಾಜನ ಕಡೆಯವರು ಬಂದಾಗ ಉಗ್ರಾಣ ನನ್ನದು,
ಬೀಗದ ಕೈಯೆಲ್ಲ ನನ್ನ ಸೊಂಟದಲ್ಲಿ.
ನಾನು ತೋರಿಸಿದೆ, ಅವರು ಬರೆದುಕೊಂಡರು:
ಬೆಳ್ಳಿ ಬಟ್ಟಲು ಎರಡು, ಒಂದು ಸೊಟ್ಟ.
ಚಾವಣಿಯ ಸೀಸ, ತೂಗಬೇಕು.
ಹಂದಿ ಆರು. ಸನ್ಯಾಸಿನಿಯರು ಒಂಬತ್ತು,
ಅದರಲ್ಲಿ ಒಬ್ಬಳು ಕುರುಡಿ.
ಪುಸ್ತಕಗಳು: ಹಳೆಯವು, ಬೆಲೆಯಿಲ್ಲ.
ನನ್ನ ತಲೆಗೆ ವರ್ಷಕ್ಕೆ ನಲವತ್ತು ಶಿಲ್ಲಿಂಗ್ ಕಟ್ಟಿದರು.
ಮಠವೂ ಇಲ್ಲ, ಮದುವೆಯೂ ಆಗುವಂತಿಲ್ಲ;
ಬಾಗಿಲು ಕಿತ್ತೊಯ್ದರು,
ಬೀಗ ಬಿಟ್ಟುಹೋದರು.

ಕಳೆದ ಚಳಿಗಾಲ, ಬುಧವಾರದ ಸಂತೆಯಲ್ಲಿ
ಥಾಮಸಿನ್ ಮೂರು ಹೆರಿಂಗ್ ಸುತ್ತಿಕೊಟ್ಟಳು.
ಮನೆಗೆ ತಂದು ಬಿಚ್ಚಿದರೆ
ಕರುವಿನ ಚರ್ಮದ ಹಾಳೆ. ನಾಲ್ಕು ಕೆಂಪು ಗೆರೆ,
ಗೆರೆಯ ಮೇಲೆ ಚೌಕ ಚೌಕ ಸ್ವರ,
ಅಂಚಿನಲ್ಲಿ ಮೇಣದ ಕಲೆ.

ಆ ಕಲೆ ನನ್ನದು.
ಹತ್ತೊಂಬತ್ತರ ಹುಡುಗಿ ನಿಂತಲ್ಲೇ ತೂಕಡಿಸಿ
ಬತ್ತಿ ವಾಲಿಸಿದ್ದಕ್ಕೆ
ಮದರ್ ಸಿಸ್ಲಿ ಮೂರು ದಿನ ಒಣರೊಟ್ಟಿಗೆ ಕೂರಿಸಿದ್ದಳು.
ಅಂದು ಅತ್ತಿದ್ದೆ.
ಈಗ ಮೀನು ಪಕ್ಕಕ್ಕೆ ಸರಿಸಿ
ಉಗುರಿನಿಂದ ಮುಟ್ಟಿ ನೋಡಿದೆ. ಗಟ್ಟಿಯಾಗಿತ್ತು.
ನಗು ಬಂತು.

ಅಂದಿನಿಂದ ಪಿಂಚಣಿಯೆಲ್ಲ ಮೀನಿಗೆ.
“ದೇವರು ಹೋದ ಮೇಲೆ ನಾಲಗೆ ಬಂತು ಇವಳಿಗೆ”
ಎನ್ನುತ್ತಾನೆ ಅಣ್ಣ ರೋಲಂಡ್. ಮಕ್ಕಳು ಮೂಗು ಮುಚ್ಚುತ್ತಾರೆ.
ಮನೆಯಲ್ಲಿ ಬೆಕ್ಕೊಂದೇ ನನ್ನ ಪಕ್ಷ.

ಹಾಳೆಗಳು ಸಾಲಾಗಿ ಬರುವುದಿಲ್ಲ.
ಒಂದು ವಾರ ಈಸ್ಟರ್, ಮರುವಾರ ಮಣ್ಣಿನ ಪ್ರಾರ್ಥನೆ,
ಆಮೇಲೆ ಅರ್ಧ ಕ್ರಿಸ್ಮಸ್, ಮೀನಿನ ಹುರುಪೆ ಮೆತ್ತಿಕೊಂಡು
ಚಿನ್ನದ ಅಕ್ಷರಕ್ಕಿಂತ ಚೆನ್ನಾಗಿ ಹೊಳೆಯುತ್ತ.
ಮಠದಲ್ಲಿ ವರ್ಷ ದುಂಡಗಿತ್ತು, ಬಳೆಯ ಹಾಗೆ.
ಈಗ ಥಾಮಸಿನ್ ಯಾವ ಹಾಳೆ ಹರಿದಳೋ
ಆ ವಾರ ಅದೇ ಹಬ್ಬ.
ಒಲೆಯ ಹಿಂದೆ ಒಣಗಿಸಿ, ಹಾಸಿಗೆಯ ಹುಲ್ಲಿನೊಳಗಿಟ್ಟು
ಮೇಲೆ ಮಲಗುತ್ತೇನೆ.
ನಾನು ಹೊರಳಿದರೆ ಕೀರ್ತನೆಗಳು ಮುರುಮುರು ಎನ್ನುತ್ತವೆ.

ನಿನ್ನೆ ಅವಳು ಕೇಳಿಯೇಬಿಟ್ಟಳು,
ಕೈಯಲ್ಲಿ ಚೂರಿ, ಮೊಣಕೈತನಕ ರಕ್ತ:
“ಅಮ್ಮಾ, ನಿಮ್ಮನೇಲಿ ಅಷ್ಟು ಬಾಯಿಲ್ಲ.
ಬರೋದು ಮೀನಿಗೋ, ಹಾಳೆಗೋ?”
ಸುಳ್ಳಿಗೆಂದು ಬಾಯಿ ತೆರೆದೆ. ಬರಲಿಲ್ಲ.
“ನಂಗೆ ಅಕ್ಷರ ಬಾರದು. ಶಾಯಿ ಮೀನಿಗೆ ಹತ್ತುತ್ತೆ ಅಂತ
ಗಿರಾಕಿಗಳ ಬೈಗುಳ ಬೇರೆ. ಏನಿದೆ ಇದರಲ್ಲಿ?”

ಅವಳ ಮುಷ್ಟಿಯಲ್ಲಿದ್ದದ್ದು
ಆಳದಲ್ಲಿ ಬಿದ್ದವರ ಕೀರ್ತನೆ,
ನಾವು ಹೆಣದ ಮುಂದೆ ಹಾಡುತ್ತಿದ್ದುದು.
ಹೇಳಲು ತಿಳಿಯದೆ ಹಾಡಿದೆ,
ಬುಟ್ಟಿಗಳ ನಡುವೆ, ಸಂತೆಗೆ ಬೆನ್ನು ಹಾಕಿ, ಕೆಳದನಿಯಲ್ಲಿ.
ಒಂದು ಸಾಲು ಹಾಡಿ ಒಂದು ಸಾಲು ಬಿಟ್ಟೆ.
ಅದು ಎದುರು ಸಾಲಿನವರದ್ದು,
ಕುರುಡಿ ಎಮಟ್ ಇದ್ದ ಬದಿಯದು;
ಅವರ ಪಾಲನ್ನು ನಾನು ಹಾಡುವುದು ಹೇಗೆ?

ಆ ಖಾಲಿಯಲ್ಲಿ
ಥಾಮಸಿನ್ ಚೂರಿ ಮೀನು ಕೆರೆಯಿತು:
ಸರಕ್, ಸರಕ್.
ನಾನು ಹಾಡುವಾಗ ನಿಂತಿತು.
ಬಿಟ್ಟಾಗ ಮತ್ತೆ, ಸರಿಯಾದ ಹೊತ್ತಿಗೆ.

ಮುಗಿದ ಮೇಲೆ ಕೈ ಒರೆಸಿಕೊಂಡಳು.
“ಮನೇಲಿ ಇನ್ನೊಂದು ಕಟ್ಟಿದೆ.
ಮಗ ಬೂಟಿಗೆ ತುರುಕ್ತಾ ಇದಾನೆ,” ಎಂದಳು.
“ಬುಧವಾರದ ತನಕ ಕಾಯಬೇಡಿ.”